ಪಟ್ಟದ ಕಲಹಗಳು ಮತ್ತು ಎಡೆದೊರೆ ನಾಡು

೧

ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಣ ನಾಡಿಗೆ ಕನ್ನಡ ಶಾಸನಗಳಲ್ಲಿ ಎಡೆದೊರೆ ಎಂಬ ಹೆಸರುಂಟು. ಇತಿಹಾಸಗ್ರಂಥಗಳಲ್ಲಿ ಇದೇ ರಾಯಚೂರು ದೋಆಬು ಎಂದು ಪ್ರಸಿದ್ಧವಾಗಿದೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಿ ಪ್ರದೇಶಗಳು ಈ ಎರಡು ಹೊಳೆಗಳ ನಡುವೆಯೇ ಇವೆ. ಗಂಗಾವತಿಯ ಸೀಮೆಗೆ ಸೇರಿದ ಆನೆಗೊಂದಿಯ ಎದುರು ದಡದಲ್ಲಿ ವಿಜಯನಗರ. ಕುಷ್ಟಗಿಯಿಂದ ಈಶಾನ್ಯಕ್ಕೆ ಮುದಗಲ್ಲು, ಅದರಾಚೆಗೆ ರಾಯಚೂರು. ದಕ್ಷಿಣದ ರಾಯರ ಸೈನ್ಯ ಉತ್ತರಕ್ಕೆ ಹೋಗುವಾಗಲೂ, ಉತ್ತರದ ಸುಲ್ತಾನರ ಸೈನ್ಯ ದಕ್ಷಿಣಕ್ಕೆ ಬರುವಾಗಲೂ ಮೊದಲು ತುಳಿಯುತ್ತಿದ್ದುದು ಈ ನೆಲವನ್ನೇ.

ಈ ನಾಡಿನ ಕೋಟೆಗಳು ಪದೇ ಪದೇ ಕೈಬದಲಾದುದಕ್ಕೆ ಎರಡು ಕಾರಣಗಳನ್ನು ಹೇಳುವುದು ವಾಡಿಕೆ. ನೆಲದ ಫಲವತ್ತತೆ ಒಂದು, ರಾಜ್ಯಗಳ ಮತಭೇದ ಇನ್ನೊಂದು. ಮೊದಲನೆಯದನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ನೆಲದ ಫಲವತ್ತತೆ ಎಲ್ಲ ಕಾಲಕ್ಕೂ ಒಂದೇ. ಯುದ್ಧಗಳಾದರೋ ಕೆಲವು ವಿಶಿಷ್ಟ ವರ್ಷಗಳಲ್ಲಿಯೇ ಒತ್ತಾಗಿ ನಡೆದಿವೆ. ಎರಡನೆಯ ಕಾರಣವಂತೂ, ಹಿಂದೂ ಅರಸರು ಸುಲ್ತಾನರಿಗೂ ಸುಲ್ತಾನರು ಹಿಂದೂ ಅರಸರಿಗೂ ನೆರವಾದ ಸಂದರ್ಭಗಳನ್ನು ವಿವರಿಸಲಾರದು. ಆ ವರ್ಷಗಳನ್ನು ಸಾಲಾಗಿ ಜೋಡಿಸಿ ನೋಡಿದರೆ ಮೂರನೆಯ ಕಾರಣವೊಂದು ಕಾಣುತ್ತದೆ. ನದಿಗಳ ಈಚೆಯ ಅಥವಾ ಆಚೆಯ ರಾಜಧಾನಿಯಲ್ಲಿ ಪಟ್ಟಕ್ಕಾಗಿ ಕಲಹ ಹುಟ್ಟಿದಾಗಲೆಲ್ಲ ಎಡೆದೊರೆ ನಾಡು ಅಲುಗಿದೆ. ಈ ಮಾತನ್ನು ಸಮರ್ಥಿಸುವುದೇ ಪ್ರಕೃತ ಲೇಖನದ ಉದ್ದೇಶ.

೨

ಪಟ್ಟದ ಕಲಹ ಒಂದು ಅರಮನೆಯ ಒಳಗಿನ ವಿಷಯವೆಂದು ಭಾವಿಸುವುದುಂಟು. ಅದು ಹಾಗಲ್ಲವೆಂಬುದಕ್ಕೆ ಪ್ರಾಚೀನ ಚೀನದ ಇತಿಹಾಸ ಉತ್ತಮ ನಿದರ್ಶನ. ಅಲ್ಲಿಯ ಛಿ ರಾಜ್ಯದ ದೊರೆ ಹ್ವಾನ್ ಸುತ್ತಣ ರಾಜ್ಯಗಳಿಗೆಲ್ಲ ಅಗ್ರೇಸರನಾಗಿದ್ದವನು. ಅವನು ಕ್ರಿ. ಪೂ. ೬೪೩ರಲ್ಲಿ ತೀರಿಕೊಂಡಾಗ ಮಕ್ಕಳು ಪಟ್ಟಕ್ಕಾಗಿ ಹೊಡೆದಾಡಿದರು. ತಂದೆಯ ಶವ ೬೭ ದಿನ ಸಂಸ್ಕಾರವಿಲ್ಲದೆ ಬಿದ್ದಿತ್ತೆಂದು ಇತಿಹಾಸಕಾರ ಸ್ಸು-ಮಾ ಛಿಯೆನ್ ಬರೆದಿದ್ದಾನೆ. ಛಿ ರಾಜ್ಯದ ಅಗ್ರಪದವಿ ಅಲ್ಲಿಗೆ ಮುಗಿಯಿತು.

ಜಿನ್ ರಾಜ್ಯದ ಚುಂಗ್-ಅರ್ ಎಂಬ ರಾಜಕುಮಾರನ ವೃತ್ತಾಂತ ಇನ್ನೂ ಬೋಧಪ್ರದವಾದುದು. ಮಲತಾಯಿಯ ಒಳಸಂಚಿನಿಂದ ಕ್ರಿ. ಪೂ. ೬೫೫ರಲ್ಲಿ ನಾಡುಬಿಟ್ಟ ಅವನು ೧೯ ವರ್ಷ ಪರರಾಜ್ಯಗಳಲ್ಲಿ ಅಲೆದನು. ದಕ್ಷಿಣದ ಚು ರಾಜ್ಯದ ಅರಸ ಅವನನ್ನು ಆದರದಿಂದ ಕಂಡನು. ಮುಂದೆ ಚುಂಗ್-ಅರ್ ಜಿನ್ ರಾಜ್ಯಕ್ಕೆ ದೊರೆಯಾದನು, ಕ್ರಿ. ಪೂ. ೬೩೨ರಲ್ಲಿ ಚೆಂಗ್‌ಪು ಎಂಬಲ್ಲಿ ಅದೇ ಚು ರಾಜ್ಯದ ಸೈನ್ಯವನ್ನು ಸೋಲಿಸಿದನು. ಕೊಟ್ಟ ಮಾತಿನಂತೆ ಯುದ್ಧಕ್ಕೆ ಮುನ್ನ ಮೂರು ಪಯಣಗಳಷ್ಟು ಹಿಂದೆಗೆದನೆಂಬುದಷ್ಟೇ ಅವನು ಸಲ್ಲಿಸಿದ ಋಣ. ದಾಯಾದಿ ಕಲಹದಿಂದ ಓಡಿಬಂದವನಿಗೆ ಆಶ್ರಯ ಕೊಟ್ಟ ರಾಜ್ಯ ಆ ಕಲಹದಲ್ಲಿ ತಾನೂ ಪಾಲುಗಾರನಾಗುತ್ತದೆ ಎಂಬ ಅಂಶವನ್ನು ಇಲ್ಲಿ ನೆನಪಿನಲ್ಲಿಟ್ಟುಕೊಳ್ಳಬೇಕು. ನಮ್ಮ ನಾಡಿನಲ್ಲಿಯೂ ಇದೇ ಸಂಗತಿ ಎರಡು ಸಲ ನಡೆದಿದೆ.

೩

ವಿಜಯನಗರಕ್ಕೆ ಮುಂಚಿನ ಒಂದು ಪ್ರಸಂಗವನ್ನು ಮೊದಲು ನೋಡೋಣ. ಯಲಬುರ್ಗಿ ಶಾಸನಗಳ ಎರಂಬರಗೆ. ಹನ್ನೆರಡನೆಯ ಶತಮಾನದಲ್ಲಿ ಅಲ್ಲಿಂದ ಆಳಿದ ಸಿಂದರು ಕಲ್ಯಾಣದ ಚಾಲುಕ್ಯರ ಮಾಂಡಲಿಕರು. ಚಾಲುಕ್ಯ ಮೂರನೆಯ ತೈಲಪನ ಕಾಲದಲ್ಲಿ ಕಳಚುರಿ ಬಿಜ್ಜಳನು ಪ್ರಬಲನಾಗಿ, ಸುಮಾರು ೧೧೬೨ರ ಹೊತ್ತಿಗೆ ಸಾರ್ವಭೌಮ ಪದವಿಯನ್ನೇ ವಹಿಸಿಕೊಂಡನು. ಆಗ ಎರಂಬರಗೆಯ ಅರಸನಾಗಿದ್ದವನು ಇಮ್ಮಡಿ ಚಾವುಂಡ. ಅವನ ರಾಣಿಯರಲ್ಲೊಬ್ಬಳಾದ ಸಿರಿಯಾದೇವಿ ಕಳಚುರಿ ಮನೆತನದವಳು. ಆಕೆಯ ಮಗನ ಹೆಸರು ಬಿಜ್ಜಳ. ಸಾರ್ವಭೌಮನ ಪಟ್ಟ ಯಾರದೆಂಬುದು ನಿಶ್ಚಯವಿಲ್ಲದಿದ್ದಾಗ ಮಾಂಡಲಿಕನು ಮದುವೆಯ ಸಂಬಂಧದಿಂದ ತನ್ನ ನಾಡನ್ನು ಕಾಪಾಡಿಕೊಳ್ಳುತ್ತಿದ್ದ ಬಗೆಯನ್ನು ಈ ಹೆಸರುಗಳೇ ಸೂಚಿಸುತ್ತವೆ.

ಎಲ್ಲರಿಗೂ ಇಂಥ ಅವಕಾಶ ದೊರೆಯಲಿಲ್ಲ. ೧೩೨೫ರಲ್ಲಿ ದೆಹಲಿಯ ಸುಲ್ತಾನ ಘಿಯಾಸುದ್ದೀನ್ ತುಘಲಕ್ ಮಡಿದು ಮಗ ಮಹಮ್ಮದ್ ಪಟ್ಟಕ್ಕೆ ಬಂದನು. ಘಿಯಾಸುದ್ದೀನನ ಸೋದರಳಿಯನಾದ ಬಹಾಉದ್ದೀನ್ ಗುರ್ಷಾಸ್ಪನು ಹೊಸ ಸುಲ್ತಾನನಿಗೆ ನಿಷ್ಠೆಯನ್ನು ಸಲ್ಲಿಸಲು ಒಪ್ಪಲಿಲ್ಲ. ಸಗರದ ಅಧಿಕಾರಿಯಾಗಿದ್ದ ಅವನು ದಂಗೆಯೆದ್ದು, ಸೋತು, ಕಂಪಿಲರಾಯನ ಮೊರೆಹೊಕ್ಕನು. ಗಂಗಾವತಿಯ ಸಮೀಪದ ಕುಮ್ಮಟದುರ್ಗ ಕಂಪಿಲನ ಮುಖ್ಯ ನೆಲೆ. ಮರೆಹೊಕ್ಕವನನ್ನು ಒಪ್ಪಿಸಲಾರೆನೆಂದು ಕಂಪಿಲನು ನಿರಾಕರಿಸಿದನು. ೧೩೨೭ರಲ್ಲಿ ಕುಮ್ಮಟವೂ ಹೊಸಮಲೆದುರ್ಗವೂ ಬಿದ್ದವು, ಕಂಪಿಲನು ಹೋರಾಡಿ ಮಡಿದನು, ಅಂತಃಪುರದ ಸ್ತ್ರೀಯರು ಅಗ್ನಿಪ್ರವೇಶ ಮಾಡಿದರು. ಕೊನೆಯ ಗಳಿಗೆಯಲ್ಲಿ ಕಂಪಿಲನು ಗುರ್ಷಾಸ್ಪನನ್ನು ಹೊಯ್ಸಳ ಮೂರನೆಯ ಬಲ್ಲಾಳನ ಬಳಿಗೆ ಕಳುಹಿಸಿದ್ದನು. ಬಲ್ಲಾಳನು ಅವನನ್ನು ದೆಹಲಿಯವರ ವಶಕ್ಕೆ ಕೊಟ್ಟು ಸದ್ಯಕ್ಕೆ ತನ್ನ ರಾಜ್ಯವನ್ನು ಉಳಿಸಿಕೊಂಡನು.

ಕುಮಾರರಾಮನ ಕಥೆಯ ಮೂಲಕ ಈ ದುರಂತ ಕನ್ನಡ ಜನಪದದಲ್ಲಿ ಅಚ್ಚಳಿಯದೆ ನಿಂತಿದೆ. ಆದರೆ ಕಥೆಯ ವೀರರಸದಲ್ಲಿ ಒಂದು ಅಂಶ ಮರೆಯಾಗುತ್ತದೆ. ಕುಮ್ಮಟವನ್ನು ಸುಟ್ಟ ಕಿಡಿ ಹಾರಿದ್ದು ದೂರದ ದೆಹಲಿಯ ಅರಮನೆಯಿಂದ. ಸೋದರಸಂಬಂಧಿಗಳ ಜಗಳವೊಂದರಲ್ಲಿ ಗಂಗಾವತಿಯ ಸೀಮೆಯ ರಾಜ್ಯವೊಂದು ಅಳಿದುಹೋಯಿತು.

೪

ವಿಜಯನಗರದ ಅರಸರಲ್ಲಿ ಉತ್ತರಾಧಿಕಾರಕ್ಕೆ ಗಟ್ಟಿಯಾದ ನಿಯಮವಿರಲಿಲ್ಲ. ಹಿರಿಯ ಮಗನಿಗೆ ಪಟ್ಟವೆಂಬ ಮಾತಿದ್ದರೂ ತಮ್ಮಂದಿರು, ದಾಯಾದಿಗಳು, ದಂಡನಾಯಕರು, ಅಳಿಯಂದಿರು, ಯಾರಿಗೆ ಬಲವಿದ್ದರೆ ಅವರು ಮುಂದೆ ಬರುತ್ತಿದ್ದರು. ಬಹಮನಿ ರಾಜ್ಯದ ಸ್ಥಿತಿಯೂ ಇದಕ್ಕಿಂತ ಬೇರೆಯಾಗಿರಲಿಲ್ಲ. ಇದರ ಪರಿಣಾಮವನ್ನು ಕಾಲಾನುಕ್ರಮವಾಗಿ ನೋಡಬಹುದು.

೧೩೯೭ರಲ್ಲಿ ಗುಲಬರ್ಗೆಯಲ್ಲಿ ಒಂದೇ ವರ್ಷದೊಳಗೆ ಒಬ್ಬ ಸುಲ್ತಾನನ ಕಣ್ಣು ಕೀಳಲಾಯಿತು, ಮತ್ತೊಬ್ಬನನ್ನು ಇಳಿಸಲಾಯಿತು. ಕೊನೆಗೆ ಫಿರೋಜ್ ಷಾ ಪಟ್ಟವೇರಿದನು. ಮರುವರ್ಷವೇ ವಿಜಯನಗರದ ಸೈನ್ಯ ಮುದಗಲ್ಲು-ರಾಯಚೂರುಗಳನ್ನು ಗುರಿಯಾಗಿಟ್ಟು ಎಡೆದೊರೆಗೆ ನುಗ್ಗಿತೆಂದು ಫೆರಿಷ್ತಾ ಹೇಳುತ್ತಾನೆ. ಆಗ ಆಳುತ್ತಿದ್ದವನು ಇಮ್ಮಡಿ ಹರಿಹರ.

೧೪೦೪ರಲ್ಲಿ ಹರಿಹರನು ತೀರಿಕೊಂಡನು. ಸರದಿ ಈಗ ವಿಜಯನಗರದ್ದು. ವಿರೂಪಾಕ್ಷ, ಬುಕ್ಕ, ದೇವರಾಯ ಎಂಬ ಮೂವರು ಮಕ್ಕಳೂ ಒಬ್ಬರ ಬಳಿಕ ಒಬ್ಬರು ಸಿಂಹಾಸನವನ್ನು ಹಿಡಿದರು. ೧೪೦೬ರ ನವೆಂಬರಿನಲ್ಲಿ ದೇವರಾಯನಿಗೆ ಪಟ್ಟವಾಯಿತು. ಅದಾದ ಕೂಡಲೆ ಫಿರೋಜನೊಡನೆ ಯುದ್ಧ. ಮುದಗಲ್ಲಿನ ಅಕ್ಕಸಾಲಿಗನ ಮಗಳ ಚೆಲುವು ಈ ಯುದ್ಧಕ್ಕೆ ಕಾರಣವೆಂದು ಫೆರಿಷ್ತಾ ರಂಜಕವಾಗಿ ವರ್ಣಿಸಿದ್ದಾನೆ. ಆ ಕಥೆ ಎಷ್ಟೇ ಸ್ವಾರಸ್ಯವಾಗಿರಲಿ, ಎರಡು ವರ್ಷಗಳಲ್ಲಿ ಮೂವರು ಅರಸರನ್ನು ಕಂಡ ರಾಜ್ಯ ನೆರೆಯವನ ಕಣ್ಣಿಗೆ ಸುಲಭದ ತುತ್ತಾಗಿ ಕಂಡಿತೆಂಬುದೇ ಹೆಚ್ಚು ಸಂಭವನೀಯವೆಂದು ನಮಗೆ ತೋರುತ್ತದೆ.

೧೪೪೩ರ ಸಂಗತಿಗೆ ಪಾರಸಿಕ ರಾಯಭಾರಿ ಅಬ್ದುರ್ ರಜಾಕನ ಸಮಕಾಲೀನ ಸಾಕ್ಷ್ಯವಿದೆ. ಇಮ್ಮಡಿ ದೇವರಾಯನ ತಮ್ಮನು ಹೊಸ ಮನೆಯ ಔತಣದ ನೆಪದಿಂದ ಪ್ರಮುಖರನ್ನು ಕರೆಸಿ, ಒಬ್ಬೊಬ್ಬರನ್ನಾಗಿ ಕೊಲ್ಲಿಸಿ, ಅರಸನನ್ನೂ ಇರಿದನು. ಅರಸನು ಬದುಕಿಕೊಂಡನು. ಈ ಸುದ್ದಿಯನ್ನು ಕೇಳಿದ ಬಹಮನಿ ಸುಲ್ತಾನ ಅಲಾಉದ್ದೀನನು ಏಳು ಲಕ್ಷ ವರಹಗಳನ್ನು ಕೊಡಬೇಕೆಂದು ಹೇಳಿಕಳುಹಿಸಿದನು; ಯುದ್ಧ ಮತ್ತೆ ಎಡೆದೊರೆಯಲ್ಲಿ ನಡೆಯಿತು. ಇಲ್ಲಿ ಪಟ್ಟದ ಕಲಹಕ್ಕೂ ಗಡಿಯ ಯುದ್ಧಕ್ಕೂ ಇರುವ ಸಂಬಂಧವನ್ನು ನಾವು ಊಹಿಸಬೇಕಾಗಿಲ್ಲ. ಆ ಕಾಲದವನೇ ಹೇಳಿದ್ದಾನೆ.

೫

ಮುಂದಿನ ಅರ್ಧಶತಮಾನದಲ್ಲಿ ರೋಗ ಉಲ್ಬಣಿಸಿತು. ೧೪೮೫ರ ಸುಮಾರಿಗೆ ವಿರೂಪಾಕ್ಷನು ಸ್ವಂತ ಮಗನಿಂದಲೇ ಹತನಾದನೆಂದು ಪೋರ್ಚುಗೀಸ ನೂನಿಜ್ ಬರೆದಿದ್ದಾನೆ. ಸಾಳುವ ನರಸಿಂಹನು ಸಿಂಹಾಸನವನ್ನು ವಶಪಡಿಸಿಕೊಂಡನು. ಸಾಯುವಾಗ, ತಾನು ಗೆಲ್ಲಲಾರದೆ ಉಳಿದ ಕೋಟೆಗಳಲ್ಲಿ ರಾಯಚೂರನ್ನೂ ಹೆಸರಿಸಿದನಂತೆ. ಅವನ ಮಕ್ಕಳ ಪಾಲಕನಾದ ತುಳುವ ನರಸನಾಯಕನೇ ನಿಜವಾದ ಒಡೆಯನಾದನು. ೧೫೦೫ರಲ್ಲಿ ನರಸನ ಮಗ ವೀರನರಸಿಂಹನು ಸಾಳುವರನ್ನು ಅಳಿಸಿ ತಾನೇ ಅರಸನಾದನು.

ನಮ್ಮ ವಾದಕ್ಕೆ ಒಂದು ಅಪವಾದವುಂಟು. ಅದನ್ನು ಮುಚ್ಚಿಡುವುದು ಸರಿಯಲ್ಲ. ೧೫೨೦ರಲ್ಲಿ ಕೃಷ್ಣದೇವರಾಯನು ರಾಯಚೂರನ್ನು ಗೆದ್ದಾಗ ಎದುರಾಳಿಯಾದ ಇಸ್ಮಾಯಿಲ್ ಆದಿಲ್ ಷಾ ಹತ್ತು ವರ್ಷಗಳಿಂದ ಆಳುತ್ತಿದ್ದನು. ಆ ಗೆಲವು ಸೈನ್ಯಬಲದ, ನಾಯಕತ್ವದ ಫಲ. ಆದರೆ ಗೆದ್ದುದನ್ನು ಉಳಿಸಿಕೊಳ್ಳುವ ಪ್ರಶ್ನೆ ಬಂದಾಗ ಹಳೆಯ ದೋಷ ತಲೆಯೆತ್ತಿತು. ಉತ್ತರಾಧಿಕಾರವನ್ನು ಭದ್ರಪಡಿಸಲೆಂದು ರಾಯನು ೧೫೨೪ರಲ್ಲಿ ತನ್ನ ಎಳೆಯ ಮಗ ತಿರುಮಲನಿಗೆ ಪಟ್ಟ ಕಟ್ಟಿದನು. ಹುಡುಗನು ಬೇಗನೆ ಸತ್ತನು. ವಿಷಪ್ರಯೋಗದ ಶಂಕೆಯಿಂದ ಮಹಾಪ್ರಧಾನ ತಿಮ್ಮರಸನು ಸೆರೆಬಿದ್ದು ಕಣ್ಣು ಕಳೆದುಕೊಂಡನೆಂದು ನೂನಿಜ್ ಹೇಳುತ್ತಾನೆ. ಪಟ್ಟವನ್ನು ಭದ್ರಪಡಿಸುವ ಪ್ರಯತ್ನದಲ್ಲಿ ರಾಜ್ಯ ಕುಮಾರನನ್ನೂ ಕಳೆದುಕೊಂಡಿತು, ಮಂತ್ರಿಯನ್ನೂ ಕಳೆದುಕೊಂಡಿತು.

೧೫೨೯ರಲ್ಲಿ ರಾಯನು ತೀರಿಕೊಂಡನು. ಚಂದ್ರಗಿರಿಯಲ್ಲಿದ್ದ ತಮ್ಮ ಅಚ್ಯುತನಿಗೆ ಪಟ್ಟವಾಗಬೇಕೆಂಬುದು ಅವನ ಇಚ್ಛೆ. ಅಳಿಯ ರಾಮರಾಯನು ರಾಯನ ಹಸುಗೂಸಿನ ಪಕ್ಷವನ್ನು ಹಿಡಿದನು. ಅಚ್ಯುತನು ರಾಜಧಾನಿಯಲ್ಲಿ ನೆಲೆಗೊಳ್ಳುವಷ್ಟರಲ್ಲಿ, ೧೫೩೦ರ ಹೊತ್ತಿಗೆ, ರಾಯಚೂರು ಮುದಗಲ್ಲುಗಳು ಬಿಜಾಪುರದ ಪಾಲಾದುವು. ಕೃಷ್ಣದೇವರಾಯನ ಮಹಾವಿಜಯದ ಆಯುಸ್ಸು ಹತ್ತೇ ವರ್ಷ. ೧೫೩೪ರಲ್ಲಿ ಇಸ್ಮಾಯಿಲನು ಸತ್ತನು. ಅವನ ಮಗ ಮಲ್ಲು ಕೆಲವೇ ತಿಂಗಳಲ್ಲಿ ಪದಚ್ಯುತನಾಗಿ ಕಣ್ಣು ಕಳೆದುಕೊಂಡನು. ಇಬ್ರಾಹಿಮನು ಪಟ್ಟಕ್ಕೆ ಬಂದನು. ಆ ಗೊಂದಲದಲ್ಲಿ ಅಚ್ಯುತನ ಸೈನ್ಯ ಮತ್ತೆ ಎಡೆದೊರೆಯನ್ನು ಹೊಕ್ಕಿತು. ತಕ್ಕಡಿಯ ಎರಡು ತಟ್ಟೆಗಳಂತೆ, ಒಂದು ಸಿಂಹಾಸನ ಕುಸಿದಾಗ ಇನ್ನೊಂದು ಮೇಲೇರುತ್ತಿತ್ತು. ನಡುವಿನ ಮುಳ್ಳು ಈ ನಾಡು.

೬

೧೫೪೨ರಲ್ಲಿ ಅಚ್ಯುತನು ಸತ್ತಾಗ ಕಲಹ ಹೊಸ ಹಂತಕ್ಕೆ ಮುಟ್ಟಿತು. ಅವನ ಬಾಲಕ ಮಗ ವೆಂಕಟನನ್ನು ಸೋದರಮಾವ ಸಲಕರಾಜು ತಿರುಮಲನೇ ಕೊಲ್ಲಿಸಿದನು. ಬಿಜಾಪುರದ ಇಬ್ರಾಹಿಮನಿಗೆ ಈ ಜಗಳದಲ್ಲಿ ಆಹ್ವಾನ ಹೋಯಿತು. ರಾಮರಾಯನು ತಿರುಮಲನನ್ನು ಕೊಂದು, ಅಚ್ಯುತನ ಅಣ್ಣನ ಮಗ ಸದಾಶಿವನನ್ನು ಸಿಂಹಾಸನದ ಮೇಲೆ ಕೂರಿಸಿ, ಅಧಿಕಾರವನ್ನೆಲ್ಲ ತನ್ನಲ್ಲಿಯೇ ಇಟ್ಟುಕೊಂಡನು.

ಮನೆಯ ಕಲಹದಲ್ಲಿ ಪರರ ಪ್ರವೇಶವನ್ನು ಕಂಡ ರಾಮರಾಯನು ಅದೇ ಅಸ್ತ್ರವನ್ನು ಪರರ ಮೇಲೆ ಪ್ರಯೋಗಿಸಿದನು. ಗೋಲ್ಕೊಂಡದ ಜಮ್ಷೀದನಿಗೆ ಹೆದರಿ ಓಡಿಬಂದ ಅವನ ತಮ್ಮ ಇಬ್ರಾಹಿಮ್ ಕುತುಬ್ ಷಾ ೧೫೪೩ರಿಂದ ಏಳು ವರ್ಷ ವಿಜಯನಗರದಲ್ಲಿ ಮರ್ಯಾದೆಯಿಂದ ಬಾಳಿದನು. ಅಹಮದ್‌ನಗರದ ನಿಜಾಮ್ ಷಾನ ಸ್ನೇಹದಿಂದ ೧೫೫೨ರ ಹೊತ್ತಿಗೆ ರಾಯಚೂರು ಮುದಗಲ್ಲುಗಳು ರಾಮರಾಯನ ಕೈಸೇರಿದುವು. ಮುಂದೆ ಬಿಜಾಪುರದಲ್ಲಿ ಪಟ್ಟಕ್ಕೆ ಬಂದ ಎಳೆಯ ಅಲಿ ಆದಿಲ್ ಷಾ ಸ್ವತಃ ವಿಜಯನಗರಕ್ಕೆ ಬಂದು ಸಖ್ಯ ಬೆಳೆಸಿದನು. ಇಬ್ಬರೂ ಕೂಡಿ ಅಹಮದ್‌ನಗರದ ಮೇಲೆ ದಂಡೆತ್ತಿದರು. ಇಪ್ಪತ್ತು ವರ್ಷಗಳ ಕಾಲ ಈ ನೀತಿ ಫಲಕಾರಿಯಾಗಿಯೇ ಕಂಡಿತು.

೧೫೬೫ರ ಜನವರಿ ೨೩ರಂದು ರಕ್ಕಸ-ತಂಗಡಿಯ ಯುದ್ಧದಲ್ಲಿ ರಾಮರಾಯನ ಎದುರು ನಿಂತವರು ಯಾರು? ಅವನ ಆತಿಥ್ಯವನ್ನು ಉಂಡ ಇಬ್ರಾಹಿಮ್ ಕುತುಬ್ ಷಾ. ಅವನಲ್ಲಿಗೆ ಸ್ನೇಹಿತನಾಗಿ ಬಂದಿದ್ದ ಅಲಿ ಆದಿಲ್ ಷಾ. ಅವರೊಡನೆ ಅಹಮದ್‌ನಗರದ ಹುಸೇನ್ ನಿಜಾಮ್ ಷಾ. ಚೆಂಗ್‌ಪುವಿನಲ್ಲಿ ಚು ರಾಜ್ಯ ಕಂಡ ಸತ್ಯವನ್ನೇ ವಿಜಯನಗರ ಇಲ್ಲಿ ಕಂಡಿತು. ಇದನ್ನು ಕೇವಲ ಕೃತಘ್ನತೆಯೆಂದು ಹಳಿಯುವುದು ಇತಿಹಾಸಕಾರನ ಕೆಲಸವಲ್ಲ. ಆಶ್ರಿತನಾಗಿದ್ದಾಗ ರಾಜಕುಮಾರನ ಹಿತ ಒಂದು. ಪಟ್ಟವೇರಿದ ಮೇಲೆ ರಾಜ್ಯದ ಹಿತ ಇನ್ನೊಂದು. ಆಶ್ರಯದಾತನ ಬಲವನ್ನೂ ದೌರ್ಬಲ್ಯವನ್ನೂ ಒಳಗಿನಿಂದ ಕಂಡವನು ಅವನೇ.

ಕಂಪಿಲನೂ ರಾಮರಾಯನೂ ಪರರ ಪಟ್ಟದ ಕಲಹದಲ್ಲಿ ಕೈಯಿಟ್ಟವರೇ. ಆದರೆ ಒಬ್ಬನದು ಮೊರೆಹೊಕ್ಕವನನ್ನು ಕಾಯುವ ವ್ರತ, ಇನ್ನೊಬ್ಬನದು ರಾಜತಂತ್ರ. ಜನಮನ ಅವರಿಬ್ಬರನ್ನು ಬೇರೆಬೇರೆಯಾಗಿ ತೂಗಿದ್ದರೆ ಆಶ್ಚರ್ಯವಿಲ್ಲ. ಫಲ ಮಾತ್ರ ಒಂದೇ.

೭

೧೫೬೫ರ ಬಳಿಕ ಎಡೆದೊರೆ ನಾಡು ಬಿಜಾಪುರಕ್ಕೆ ಸೇರಿತು. ರಾಮರಾಯನ ತಮ್ಮ ತಿರುಮಲನು ಸದಾಶಿವನೊಡನೆ ಪೆನುಗೊಂಡೆಗೆ ಸರಿದು, ಕೆಲವೇ ವರ್ಷಗಳಲ್ಲಿ ತಾನೇ ಪಟ್ಟಾಭಿಷಿಕ್ತನಾದನು. ರಾಜ್ಯ ಕುಗ್ಗಿದರೂ ಪಟ್ಟವನ್ನು ಕಸಿಯುವ ಪದ್ಧತಿ ಕುಗ್ಗಲಿಲ್ಲ ಎಂಬುದನ್ನು ಗಮನಿಸಬೇಕು.

ಮೇಲಿನ ಪರಾಮರ್ಶೆಯಿಂದ ಎರಡು ತೀರ್ಮಾನಗಳಿಗೆ ಬರಬಹುದು. ಮೊದಲನೆಯದಾಗಿ, ಈ ಯುದ್ಧಗಳನ್ನು ಎರಡು ಮತಗಳ ನಿರಂತರ ಸಂಗ್ರಾಮವೆಂದು ಬೋಧಿಸುವುದಕ್ಕೆ ಆಧಾರ ಸಾಲದು. ಎರಡು ಕಡೆಯೂ ಒಂದೇ ಬಗೆಯ ರಾಜಕೀಯ ದೋಷಕ್ಕೆ ಒಳಗಾಗಿದ್ದುವು, ಎರಡು ಕಡೆಯೂ ಪರಸ್ಪರರ ದೋಷವನ್ನು ಬಳಸಿಕೊಂಡುವು. ಎರಡನೆಯದಾಗಿ, ಅರಸನ ಗುಣಾವಗುಣಗಳಿಂದಲೇ ರಾಜ್ಯದ ಏಳುಬೀಳುಗಳನ್ನು ವಿವರಿಸುವ ರೂಢಿಯನ್ನು ನಾವು ಬಿಡಬೇಕು. ಕೃಷ್ಣದೇವರಾಯನಂಥ ಸಮರ್ಥನೂ ಪಟ್ಟವನ್ನು ನಿಯಮದಿಂದ ಕೈಬದಲಾಯಿಸುವ ಏರ್ಪಾಡನ್ನು ಬಿಟ್ಟುಹೋಗಲಾರದೆ ಹೋದನು.

ಇದನ್ನೆಲ್ಲ ನಾವು ರಾಜಧಾನಿಗಳನ್ನು ಕಂಡ ವಿದೇಶೀಯರ ಮತ್ತು ಆಸ್ಥಾನ ಚರಿತ್ರೆಕಾರರ ಬರಹಗಳಿಂದ ತಿಳಿಯುತ್ತೇವೆ. ಅವುಗಳಲ್ಲಿ ಕೋಟೆಗಳ ಹೆಸರಿವೆ. ಕೋಟೆಗಳ ನಡುವಿನ ಹಳ್ಳಿಗಳ ಹೆಸರಿಲ್ಲ. ಪಟ್ಟ ಯಾರದಾದರೂ ಸೈನ್ಯಕ್ಕೆ ಜೋಳವನ್ನೂ ಮೇವನ್ನೂ ಒದಗಿಸಿದವರು ಆ ಹಳ್ಳಿಗಳವರು. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಿಗಳ ಊರೂರಿನಲ್ಲಿ ನಿಂತಿರುವ ವೀರಗಲ್ಲುಗಳನ್ನೂ ದಾನಶಾಸನಗಳನ್ನೂ ೧೪೦೬, ೧೪೪೩, ೧೫೩೦, ೧೫೬೫ ಎಂಬ ಈ ವರ್ಷಗಳ ಪಕ್ಕದಲ್ಲಿಟ್ಟು ಓದುವ ಕೆಲಸ ನಮ್ಮ ಕಾಲೇಜುಗಳ ಅಧ್ಯಾಪಕರಿಗೂ ವಿದ್ಯಾರ್ಥಿಗಳಿಗೂ ಸೇರಿದ್ದು. ಅದು ನಡೆದಾಗ, ಅರಸರ ಕಲಹದ ಬೆಲೆಯನ್ನು ತೆತ್ತವರ ಇತಿಹಾಸವೂ ನಮಗೆ ದೊರೆಯುತ್ತದೆ.