ಮೂವಿಯೋಲಾ: ಸಂಕಲನಕಾರರ ಯಂತ್ರ

ಲೋಹ, ಗಾಜು, ವಿದ್ಯುತ್ ಮೋಟಾರು. 35 ಮಿ.ಮೀ. ಫಿಲ್ಮ್‌ಗಾಗಿ.

ಚಿತ್ರೀಕರಿಸಿದ ತುಣುಕುಗಳನ್ನು ನೋಡಿ, ಎಲ್ಲಿ ಕತ್ತರಿಸಬೇಕೆಂದು ನಿರ್ಧರಿಸಲು ಬಳಸುತ್ತಿದ್ದ ಯಂತ್ರವಿದು. ಅಮೆರಿಕದಲ್ಲಿ 1924ರಲ್ಲಿ ಇವಾನ್ ಸೆರುರಿಯರ್ ಇದನ್ನು ರೂಪಿಸಿದರು. ಕಂಪ್ಯೂಟರ್ ಬರುವ ತನಕ ಸಂಕಲನಕಾರರ ಬದುಕು ಇಂಥ ಯಂತ್ರಗಳ ಮುಂದೆಯೇ ಕಳೆಯಿತು.

ಬಲಗಡೆ ಚಿತ್ರ ಓಡುತ್ತದೆ, ಎಡಗಡೆ ಧ್ವನಿ. ಎರಡನ್ನೂ ಕೂಡಿಸುವ ನಡುವಿನ ದಂಡವನ್ನು ಗಮನಿಸಿ. ಅದನ್ನು ಬಿಡಿಸಿದರೆ ಧ್ವನಿಯನ್ನಷ್ಟೇ ಹಿಂದೆ ಮುಂದೆ ಸರಿಸಬಹುದು. ಕ್ಲ್ಯಾಪ್ ಹಲಗೆ ಮುಚ್ಚಿದ ಚೌಕಟ್ಟಿಗೂ ಅದರ ಸದ್ದಿಗೂ ತಾಳೆ ಹಾಕುವುದು ಸಹಾಯಕನ ಮೊದಲ ಪಾಠ. ಸೆಕೆಂಡಿಗೆ 24 ಚೌಕಟ್ಟು. ಒಂದೆರಡು ತಪ್ಪಿದರೂ ತುಟಿಯ ಚಲನೆಗೂ ಮಾತಿಗೂ ಹೊಂದಿಕೆಯಾಗದು. ತುಣುಕುಗಳಿಗೆ ಗುರುತು ಹಾಕಿ, ತೂಗುಹಾಕಿ, ಕೇಳಿದೊಡನೆ ತೆಗೆದುಕೊಡುತ್ತ ವರ್ಷಗಟ್ಟಲೆ ದುಡಿದ ಮೇಲೆ ಕತ್ತರಿ ಕೈಗೆ ಬರುತ್ತಿತ್ತು.

ಗಿರೀಶ್ ಕಾಸರವಳ್ಳಿಯವರ 'ಘಟಶ್ರಾದ್ಧ'ವನ್ನು (1977) ಸಂಕಲಿಸಿದವರು ಉಮೇಶ್ ಕುಲಕರ್ಣಿ. ಕನ್ನಡಿಗ ಸುರೇಶ್ ಅರಸ್ ಅವರಿಗೆ ಮಣಿರತ್ನಂ ಅವರ 'ಬಾಂಬೆ' (1995) ಚಿತ್ರದ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಪ್ರೇಕ್ಷಕರು ಕಂಡದ್ದು ತೆರೆಯ ಮೇಲೆ ಕ್ಷಣಕಾಲ ನಿಂತ ಹೆಸರನ್ನು ಮಾತ್ರ. ಕಥೆಯ ಓಟ, ಹಾಸ್ಯದ ಸಮಯ, ಕಣ್ಣೀರಿಗೆ ಮುಂಚಿನ ಮೌನ, ಎಲ್ಲವೂ ಇಂಥ ಯಂತ್ರದ ಮುಂದೆ ತೀರ್ಮಾನವಾಗುತ್ತಿದ್ದವು.

ಹೀಗೆ ಸಂಕಲನಗೊಂಡ ಸಿನಿಮಾವನ್ನು ರೋಣ, ಸೂಡಿ, ಗಜೇಂದ್ರಗಡದಂಥ ಸೀಮೆಗಳಿಗೆ ತಂದದ್ದು ಟೂರಿಂಗ್ ಟಾಕೀಸಿನ ಡೇರೆಗಳು. ಒಂದೇ ಪ್ರೊಜೆಕ್ಟರ್ ಇದ್ದಲ್ಲಿ ರೀಲು ಬದಲಿಸುವಾಗ ಆಟ ನಿಲ್ಲುತ್ತಿತ್ತು. ಫಿಲ್ಮ್ ಹರಿದರೆ ಆಪರೇಟರ್ ತುದಿ ಕತ್ತರಿಸಿ ಅಂಟಿಸುತ್ತಿದ್ದ; ಸಂಕಲನಕಾರ ಉಳಿಸಿದ್ದ ಕೆಲವು ಚೌಕಟ್ಟುಗಳು ಅಲ್ಲಿ ಕಳೆದುಹೋಗುತ್ತಿದ್ದವು.