ಧಾರಣೆಯ ಸುದ್ದಿಯೂ ಅಚೌರ್ಯಾಣುವ್ರತವೂ

ಸರಕಿಗೆ ಬೆಲೆಯಿರುವಂತೆ ಸುದ್ದಿಗೂ ಬೆಲೆಯುಂಟು. ದೂರದ ಪೇಟೆಯಲ್ಲಿ ಹತ್ತಿಯ ಧಾರಣೆ ಏರಿದೆಯೆಂದು ಬಲ್ಲವನು, ಅದನ್ನರಿಯದ ಒಕ್ಕಲಿಗನಿಂದ ಹಳೆಯ ದರಕ್ಕೇ ಕೊಂಡರೆ ಅವನಿಗೆ ದಕ್ಕುವ ಹೆಚ್ಚಿನ ಲಾಭ ಹತ್ತಿಯದಲ್ಲ. ಇಬ್ಬರ ಅರಿವಿನ ನಡುವಣ ಅಂತರದ್ದು. ಅರ್ಥಶಾಸ್ತ್ರಜ್ಞರು ಇದನ್ನು ಮಾಹಿತಿಯ ಅಸಮತೆಯೆಂದು ಕರೆಯುತ್ತಾರೆ. ಇಂಥ ಪೇಟೆಗಳ ವಿವೇಚನೆಗಾಗಿಯೇ ಜಾರ್ಜ್ ಅಕರ್ಲಾಫ್, ಮೈಕೇಲ್ ಸ್ಪೆನ್ಸ್, ಜೋಸೆಫ್ ಸ್ಟಿಗ್ಲಿಟ್ಸ್ ಅವರಿಗೆ 2001ರಲ್ಲಿ ನೊಬೆಲ್ ಪಾರಿತೋಷಕ ಸಂದಿತು. ವ್ಯಾಪಾರವನ್ನೇ ವೃತ್ತಿಯಾಗಿ ಉಳ್ಳ ಶ್ರಾವಕನಿಗಾದರೋ ಇದು ಕೇವಲ ಶಾಸ್ತ್ರಚರ್ಚೆಯಲ್ಲ. ಆ ಅಂತರದ ಲಾಭ ನ್ಯಾಯಾರ್ಜಿತವೇ ಎಂಬುದು ಅವನ ವ್ರತದ ಪ್ರಶ್ನೆ. ಈಗ ವಿಜಯನಗರ ಜಿಲ್ಲೆಗೆ ಸೇರಿರುವ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಸೀಮೆಯ ಚರಿತ್ರೆ ಈ ಪ್ರಶ್ನೆಯನ್ನು ಪರಿಶೀಲಿಸಲು ತಕ್ಕ ನೆಲೆಯಾಗಿದೆ.

ಹಗರಿಬೊಮ್ಮನಹಳ್ಳಿ ತಾಲ್ಲೂಕಿನ ಕೋಗಳಿ ಒಂದು ಕಾಲಕ್ಕೆ ಕೋಗಳಿ-500 ನಾಡಿನ ಮುಖ್ಯ ಸ್ಥಳ, ಪ್ರಸಿದ್ಧ ಜೈನಕೇಂದ್ರ. ಗಂಗರ ದುರ್ವಿನೀತನು ಮಾಡಿಸಿದುದೆಂದು ಹೇಳಲಾದ ಅಲ್ಲಿಯ ಬಸದಿಗೆ ಇಂದ್ರಕೀರ್ತಿ ಮುನಿಗಳು ದತ್ತಿಯಿತ್ತುದನ್ನು 1055ರ ಶಾಸನವು ತಿಳಿಸುತ್ತದೆ. 13ನೆಯ ಶತಮಾನದಲ್ಲಿ, ಹೊಯ್ಸಳ ರಾಮನಾಥನ ಕಾಲದಲ್ಲಿ, ಚೆನ್ನ ಪಾರ್ಶ್ವದೇವರ ನಿತ್ಯಾಭಿಷೇಕಕ್ಕಾಗಿ ದಾನಿಗಳು ಕೊಟ್ಟ ದಾನಗಳನ್ನೂ ಅಲ್ಲಿ ಕಲ್ಲಿನ ಮೇಲೆ ಬರೆಯಿಸಲಾಯಿತು. ಕೊಟ್ಟವರಾರು, ಯಾತಕ್ಕೆ ಕೊಟ್ಟರು ಎಂಬುದು ಧರ್ಮಕರ್ತರ ಪೆಟ್ಟಿಗೆಯಲ್ಲಿ ಅಡಗಿರಲಿಲ್ಲ. ಬಸದಿಗೆ ಬಂದವರೆಲ್ಲರ ಕಣ್ಣೆದುರಿಗಿತ್ತು. ಆ ಕಾಲದ ಮಾಹಿತಿ ಸಾಧನವೆಂದರೆ ಅದೇ.

ಆಚಾರ್ಯ ಉಮಾಸ್ವಾತಿಗಳು ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಅಣುವ್ರತಗಳ ಅತಿಚಾರಗಳನ್ನು ಹೇಳುವಾಗ ಕೂಟಲೇಖಕ್ರಿಯೆಯನ್ನು ಸತ್ಯಕ್ಕೂ, ಹೀನಾಧಿಕಮಾನೋನ್ಮಾನ ಮತ್ತು ಪ್ರತಿರೂಪಕವ್ಯವಹಾರಗಳನ್ನು ಅಚೌರ್ಯಕ್ಕೂ ದೋಷವೆಂದು ಎಣಿಸಿದ್ದಾರೆ. ಸುಳ್ಳು ಬರಹ, ಕಳ್ಳ ತೂಕ, ಬೆರಕೆಯ ಸರಕು: ಈ ಮೂರರಲ್ಲಿಯೂ ಒಂದು ಸಮಾನ ಲಕ್ಷಣವಿದೆ. ಎದುರಿನವನಿಗೆ ಕಾಣದುದನ್ನು ಆಧಾರವಾಗಿಟ್ಟುಕೊಂಡು ಅವನದನ್ನು ಅಪಹರಿಸುವುದು. ದೂರದ ಪೇಟೆಯ ಧಾರಣೆಯನ್ನು ಹೇಳದೆ ಇರುವುದು ಆ ಪಟ್ಟಿಯಲ್ಲಿ ಹೆಸರುಗೊಂಡಿಲ್ಲ. ಕಷ್ಟಪಟ್ಟು, ಹಣ ವೆಚ್ಚಮಾಡಿ ಸುದ್ದಿ ತರಿಸಿದ ವರ್ತಕನ ಶ್ರಮಕ್ಕೆ ಪ್ರತಿಫಲ ಸಲ್ಲಬಾರದೆನ್ನುವುದೂ ನ್ಯಾಯವಲ್ಲ. ಆದರೆ ಸುದ್ದಿ ತರಿಸುವ ಶ್ರಮ ಬೇರೆ, ಇನ್ನೊಬ್ಬನಿಗೆ ಸುದ್ದಿ ತಲುಪದಂತೆ ತಡೆಯುವ ಜಾಣತನ ಬೇರೆ. ಮೊದಲನೆಯದು ವ್ಯಾಪಾರ, ಎರಡನೆಯದು ಅಚೌರ್ಯದ ಎಲ್ಲೆಯನ್ನು ಮೀರುವಂಥದು.

ತಂತಿ ಬಂದ ಮೇಲೆ ಈ ಭೇದ ಹೆಚ್ಚು ಸ್ಪಷ್ಟವಾಯಿತು. ಭಾರತದಲ್ಲಿ ವಿದ್ಯುತ್ ತಂತಿ 1855ರಲ್ಲಿ ಸಾರ್ವಜನಿಕರಿಗೆ ತೆರೆಯಿತು. 1861ರಿಂದ 1865ರವರೆಗೆ ನಡೆದ ಅಮೆರಿಕದ ಅಂತರ್ಯುದ್ಧದಲ್ಲಿ ಇಂಗ್ಲೆಂಡಿಗೆ ಹತ್ತಿ ನಿಂತುಹೋಗಿ ಭಾರತದ ಹತ್ತಿಗೆ ಅಪೂರ್ವ ಬೆಲೆ ಬಂದಿತು. 1870ರಲ್ಲಿ ಸಮುದ್ರದಡಿಯ ತಂತಿ ಮುಂಬಯಿಯನ್ನು ಇಂಗ್ಲೆಂಡಿಗೆ ಜೋಡಿಸಿತು. 20ನೆಯ ಶತಮಾನದ ಮೊದಲ ದಶಕದಲ್ಲಿ ಹೊಸಪೇಟೆಯಿಂದ ಹಗರಿಬೊಮ್ಮನಹಳ್ಳಿಯ ಮಾರ್ಗವಾಗಿ ಕೊಟ್ಟೂರಿಗೆ ರೈಲು ಬಂದಿತು. ಹಡಗಲಿ, ಹರಪನಹಳ್ಳಿಗಳು ಹಳಿಯಿಂದ ದೂರವುಳಿದವು. ರೈಲು, ತಂತಿಗಳಿಂದ ಮುಂಬಯಿಯ ವರ್ತಕನಿಗೂ ಒಳನಾಡಿನ ವರ್ತಕನಿಗೂ ಇದ್ದ ಅಂತರ ಕಡಿಮೆಯಾಯಿತು. ಆದರೆ ತಂತಿಗೆ ಹಣ ತೆರಬಲ್ಲವನು ವರ್ತಕನೇ ಹೊರತು ಬಂಡಿಯಲ್ಲಿ ಕಾಳು ತಂದ ರೈತನಲ್ಲ. ಅದರಿಂದ ಅಂಗಡಿಗೂ ಹೊಲಕ್ಕೂ ನಡುವಣ ಅಂತರ ಹಾಗೆಯೇ ಉಳಿಯಿತು, ಕೆಲವೊಮ್ಮೆ ಹಿಗ್ಗಿತು. ಆ ತಂತಿಸೇವೆ 2013ರ ಜುಲೈಯಲ್ಲಿ ಕೊನೆಗೊಂಡಿತು. ಅದು ಕಲಿಸಿದ ಪಾಠ ಹಳೆಯದಾಗಿಲ್ಲ.

ದೇಶದ ಅನೇಕ ಮಂಡಿಗಳಲ್ಲಿ ದಲ್ಲಾಳಿಗಳು ಬಟ್ಟೆಯ ಮರೆಯಲ್ಲಿ ಬೆರಳು ಹಿಡಿದು ದರ ಗೊತ್ತುಮಾಡುವ ರೂಢಿಯಿತ್ತು. ಸರಕಿನ ಒಡೆಯನೇ ತನ್ನ ಸರಕಿಗೆ ಯಾರು ಎಷ್ಟು ಕೇಳಿದರೆಂದು ಕಾಣುತ್ತಿರಲಿಲ್ಲ. ನಿಯಂತ್ರಿತ ಪೇಟೆಗಳು ಬೇಕೆಂದು 1928ರಲ್ಲಿ ಕೃಷಿಯ ರಾಯಲ್ ಆಯೋಗವು ಶಿಫಾರಸು ಮಾಡಿತು. 1953ರವರೆಗೆ ಈ ಸೀಮೆಯು ಒಳಪಟ್ಟಿದ್ದ ಮದರಾಸು ಪ್ರಾಂತದಲ್ಲಿ 1933ರಲ್ಲಿ ವಾಣಿಜ್ಯ ಬೆಳೆಗಳ ಪೇಟೆಗಳ ಕಾಯಿದೆಯಾಯಿತು. ಕರ್ನಾಟಕದ ಈಗಿನ ಕೃಷಿ ಮಾರುಕಟ್ಟೆ ಕಾಯಿದೆ 1966ರದು. ಬಹಿರಂಗ ಹರಾಜು, ಸರಿಯಾದ ತೂಕ ಇವುಗಳ ಸಾರ. ಸೂತ್ರಕಾರರು ವ್ರತವಾಗಿ ವಿಧಿಸಿದುದರಲ್ಲಿ ಸ್ವಲ್ಪ ಭಾಗವನ್ನು ಸರಕಾರವು ದಂಡದ ಭಯದಿಂದ ನಡೆಸಹೊರಟಿತೆನ್ನಬಹುದು.

ಆಮೇಲಿನದು ದೂರವಾಣಿಯ ಯುಗ. ಸಿ-ಡಾಟ್ ಸಂಸ್ಥೆಯು ರೂಪಿಸಿದ ಗ್ರಾಮೀಣ ವಿನಿಮಯ ಕೇಂದ್ರವು 1986ರಲ್ಲಿ ನಮ್ಮ ಕಿತ್ತೂರಿನಲ್ಲಿ ಆರಂಭವಾಯಿತು. 1995ರಲ್ಲಿ ದೇಶಕ್ಕೆ ಮೊಬೈಲು ಬಂದಿತು. ಕಾಸರಗೋಡು, ಕಣ್ಣೂರು, ಕೋಳಿಕ್ಕೋಡು ಕರಾವಳಿಯ ಮೀನುಪೇಟೆಗಳಿಗೆ 1997ರಿಂದ 2001ರೊಳಗೆ ಮೊಬೈಲು ತಲುಪಿದಾಗ ಆದುದನ್ನು ರಾಬರ್ಟ್ ಜೆನ್ಸೆನ್ 2007ರಲ್ಲಿ ಪ್ರಕಟಿಸಿದರು. ಆ ಜೀವನೋಪಾಯ ಅಹಿಂಸಾಧರ್ಮಿಗಳಿಗೆ ಒಪ್ಪುವಂಥದಲ್ಲವಾದರೂ ಅದರ ಅರ್ಥಪಾಠ ಗ್ರಾಹ್ಯ. ಊರಿಂದೂರಿಗೆ ಇದ್ದ ದರಭೇದ ಬಹಳ ತಗ್ಗಿತು. ಮಾರುವವರ ಲಾಭ ಸರಾಸರಿ ಶೇಕಡ 8 ಏರಿತು, ಕೊಳ್ಳುವವರಿಗೆ ಬೆಲೆ ಶೇಕಡ 4 ಇಳಿಯಿತು. ಸುದ್ದಿ ಹಂಚಿದಾಗ ಇಬ್ಬರಿಗೂ ಲಾಭವಾಯಿತು. ಒಂದೇ ದಿನದಲ್ಲಿ ಬಾಡುವ ಹಡಗಲಿಯ ಮಲ್ಲಿಗೆಯಂಥ ಸರಕಿಗೂ ಈ ಮಾತು ಒಪ್ಪುತ್ತದೆ.

ಕರ್ನಾಟಕವು 2014ರಲ್ಲಿ ಏಕೀಕೃತ ಮಾರುಕಟ್ಟೆ ವೇದಿಕೆಯನ್ನು ಆರಂಭಿಸಿತು. ರೈತನ ರಾಶಿಗೆ ಸಂಖ್ಯೆ ಕೊಟ್ಟು, ವರ್ತಕರು ಕಂಪ್ಯೂಟರಿನ ಮೂಲಕ ದರ ನಮೂದಿಸುವ ಏರ್ಪಾಡಿದು. ಇಲ್ಲಿಯೂ ಮರೆಯುಂಟು, ಆದರೆ ಅದು ವರ್ತಕ ವರ್ತಕರ ನಡುವಣ ಮರೆ. ಕೊನೆಗೆ ಗೆದ್ದ ದರ ರೈತನಿಗೆ ತಿಳಿಯುತ್ತದೆ, ಒಪ್ಪದಿರುವ ಹಕ್ಕೂ ಅವನಿಗಿದೆ. ಬಟ್ಟೆಯ ಮರೆಗೂ ಇದಕ್ಕೂ ಇರುವ ವ್ಯತ್ಯಾಸ ಇದೇ. 2020ರಲ್ಲಿ ಪ್ರಕಟವಾದ ಒಂದು ಅಧ್ಯಯನದಂತೆ ಈ ವೇದಿಕೆಯಿಂದ ಭತ್ತದ ಧಾರಣೆ ಶೇಕಡ 5.1, ಶೇಂಗಾದ್ದು 3.6, ಮೆಕ್ಕೆಜೋಳದ್ದು 3.5ರಷ್ಟು ಏರಿತು. ಎಲ್ಲ ಸರಕುಗಳಲ್ಲಿಯೂ ಪರಿಣಾಮ ಏಕರೂಪವಾಗಿರಲಿಲ್ಲ.

ಯಂತ್ರದ ಎಲ್ಲೆಯೂ ಇಲ್ಲಿಯೇ ಗೋಚರಿಸುತ್ತದೆ. ಬಿತ್ತನೆಗೆ ಮುಂಗಡ ಸಾಲ ಪಡೆದವನು ಕೈಯೊಳಗಿನ ಫೋನಿನಲ್ಲಿ ಬೇರೆ ಪೇಟೆಯ ಹೆಚ್ಚಿನ ದರವನ್ನು ಕಂಡರೂ, ಸಾಲ ಕೊಟ್ಟವನ ಅಂಗಡಿಗೇ ಮಾಲು ಹಾಕಬೇಕಾಗುತ್ತದೆ. ಅವನಿಗೆ ಅರಿವು ಬಂದಿದೆ, ಸ್ವಾತಂತ್ರ್ಯ ಬಂದಿಲ್ಲ. ಈ ಕಟ್ಟನ್ನು ಸಡಿಲಿಸುವ ಶಕ್ತಿ ತಂತಿಗೂ ಇಲ್ಲ, ಫೋನಿಗೂ ಇಲ್ಲ. ಅದು ಸಾಲಕೊಟ್ಟವನ ಮನಸ್ಸಿನಲ್ಲಿದೆ. ಸಾಲದ ಲೆಕ್ಕವನ್ನೂ ಸರಕಿನ ಲೆಕ್ಕವನ್ನೂ ಬೇರೆಬೇರೆಯಾಗಿ ಬರೆದು, ಅಂದಿನ ಧಾರಣೆಯನ್ನು ತಾನೇ ಹೇಳಿ, ಹೆಚ್ಚು ಕೊಡುವವನಲ್ಲಿ ಮಾರಿ ಸಾಲ ತೀರಿಸೆನ್ನುವ ವರ್ತಕನು ಕೆಲವು ರೂಪಾಯಿಗಳನ್ನು ಕಳೆದುಕೊಂಡಾನು. ಪರಿಗ್ರಹಕ್ಕೆ ಪರಿಮಾಣವಿಟ್ಟವನಿಗೆ ಅದು ನಷ್ಟವೆನಿಸದು.

ಬಸದಿಯ ಆಡಳಿತಕ್ಕೂ ಇದೇ ನ್ಯಾಯ ಸಲ್ಲುತ್ತದೆ. ಕೋಗಳಿಯ ಹಿರಿಯರು ದಾನದ ವಿವರವನ್ನು ಕಲ್ಲಿನಲ್ಲಿ ಕಡೆಯಿಸಿ ಎಲ್ಲರೆದುರು ನಿಲ್ಲಿಸಿದರು. ಕಂಪ್ಯೂಟರಿನಲ್ಲಿ ಕ್ಷಣಮಾತ್ರದಲ್ಲಿ ಲೆಕ್ಕ ಸಿದ್ಧವಾಗುವ ಈ ದಿನಗಳಲ್ಲಿ ಅದನ್ನು ಶ್ರಾವಕರಿಗೆ ಕಾಣುವಂತೆ ಇಡುವುದು ಅಷ್ಟು ಕಷ್ಟದ ಕಾರ್ಯವೇನಲ್ಲ.