ಲ್ಯಾಕ್ಸ್ಟನ್: ತೆರೆದ ಹೊಲಗಳ ಹಳ್ಳಿಯೊಂದರ ಭೂಚರಿತ್ರೆ

ಇಂಗ್ಲೆಂಡಿನ ನಾಟಿಂಗ್‌ಹ್ಯಾಮ್‌ಶೈರ್ ಪ್ರಾಂತದಲ್ಲಿ, ಶೆರ್‌ವುಡ್ ಅರಣ್ಯದ ಪೂರ್ವಕ್ಕಿರುವ ಲ್ಯಾಕ್ಸ್ಟನ್ ಎಂಬ ಸಣ್ಣ ಹಳ್ಳಿಯಲ್ಲಿ ಕೋಟೆಯ ದಿಬ್ಬವೂ ಮಧ್ಯಯುಗದ ಚರ್ಚೂ ಇದ್ದರೂ, ಆ ಊರಿನ ನಿಜವಾದ ಸ್ಮಾರಕವೆಂದರೆ ಅದರ ಸಾಗುವಳಿ ಭೂಮಿಯೇ. ಬೇಲಿಯಿಲ್ಲದ ವಿಶಾಲ ಹೊಲಗಳನ್ನು ಉದ್ದನೆಯ ಪಟ್ಟಿಗಳಾಗಿ ಹಂಚಿಕೊಂಡು, ಪಟ್ಟಿದಾರರೆಲ್ಲರೂ ಒಂದೇ ಬೆಳೆ ಸರದಿಗೆ ಒಳಪಟ್ಟು ಉಳುವ ಕ್ರಮಕ್ಕೆ ‘ತೆರೆದ ಹೊಲ ಪದ್ಧತಿ’ ಎಂದು ಹೆಸರು. ಒಂದು ಕಾಲಕ್ಕೆ ಮಧ್ಯ ಇಂಗ್ಲೆಂಡಿನುದ್ದಕ್ಕೂ ರೂಢಿಯಲ್ಲಿದ್ದ ಈ ಕ್ರಮ, ಅದನ್ನು ನಡೆಸುವ ನ್ಯಾಯಸಭೆಯೊಡನೆ ಇಂದಿಗೂ ಬಳಕೆಯಲ್ಲಿರುವುದರಿಂದ ಲ್ಯಾಕ್ಸ್ಟನ್ನಿಗೆ ಕೃಷಿ ಇತಿಹಾಸದಲ್ಲಿ ವಿಶೇಷ ಸ್ಥಾನವಿದೆ.

1086ರ ಡೂಮ್ಸ್‌ಡೇ ಭೂದಾಖಲೆಯಲ್ಲಿ ಈ ಊರು ಜೆಫ್ರಿ ಆಲ್ಸೆಲಿನ್ ಎಂಬ ನಾರ್ಮನ್ ಒಡೆಯನ ಸ್ವತ್ತಾಗಿ ಕಾಣಿಸಿಕೊಳ್ಳುತ್ತದೆ. ಊರಿನ ಉತ್ತರಕ್ಕಿರುವ ಕೋಟೆಯ ಕಟ್ಟಡಗಳು ಅಳಿದು, ಮಣ್ಣಿನ ದಿಬ್ಬ ಮತ್ತು ಕಂದಕಗಳಷ್ಟೇ ಉಳಿದಿವೆ. ಸಂತ ಮೈಕೇಲನ ಚರ್ಚಿನಲ್ಲಿ ಓಕ್ ಮರದಲ್ಲಿ ಕಡೆದ ಮಧ್ಯಯುಗದ ಸ್ತ್ರೀ ಪ್ರತಿಮೆಯೊಂದಿದ್ದು, ಸಮಾಧಿ ಪ್ರತಿಮೆಗಳನ್ನು ಸಾಮಾನ್ಯವಾಗಿ ಕಲ್ಲಿನಲ್ಲಿ ಕಡೆಯುತ್ತಿದ್ದ ಕಾರಣ ಅದು ಅಪರೂಪದ್ದೆನಿಸಿದೆ.

ಹೊಲಗಳ ಚರಿತ್ರೆಗೆ ದೊರೆಯುವ ಅಮೂಲ್ಯ ಆಧಾರವೆಂದರೆ, ಊರಿನ ಅಂದಿನ ಒಡೆಯ, ಲಂಡನ್ನಿನ ವರ್ತಕ ಸರ್ ವಿಲಿಯಂ ಕೋರ್ಟನ್ನನಿಗಾಗಿ ಮಾರ್ಕ್ ಪಿಯರ್ಸ್ ಎಂಬ ಮೋಜಣಿದಾರ 1635ರಲ್ಲಿ ಸಿದ್ಧಪಡಿಸಿದ, ಈಗ ಆಕ್ಸ್‌ಫರ್ಡಿನ ಬೋಡ್ಲಿಯನ್ ಗ್ರಂಥಾಲಯದಲ್ಲಿರುವ ನಕ್ಷೆ. ಎರಡು ಸಾವಿರಕ್ಕೂ ಮಿಕ್ಕಿದ ಪಟ್ಟಿಗಳನ್ನು ಒಂದೊಂದಾಗಿ ಗುರುತಿಸಿರುವ ಈ ನಕ್ಷೆಯಲ್ಲಿ ಉಳುವವರು, ಕೊಯ್ಯುವವರು, ಬೇಟೆಗಾರರು ಕೂಡ ಚಿತ್ರಿತರಾಗಿರುವುದರಿಂದ, ಅದು ಕೇವಲ ಒಡೆತನದ ಪತ್ರವಾಗಿ ಉಳಿಯದೆ ದುಡಿಮೆಯ ದಾಖಲೆಯೂ ಆಗಿದೆ. ಸೌತ್ ಫೀಲ್ಡ್, ಮಿಲ್ ಫೀಲ್ಡ್, ವೆಸ್ಟ್ ಫೀಲ್ಡ್ ಎಂಬ ಮೂರು ಹೊಲಗಳು ಅಂದಿನ ಹೆಸರುಗಳಲ್ಲೇ ಇಂದೂ ಇವೆ. ಒಂದರಲ್ಲಿ ಚಳಿಗಾಲದ ಗೋಧಿ, ಇನ್ನೊಂದರಲ್ಲಿ ವಸಂತದ ಬಿತ್ತನೆ, ಮೂರನೆಯದು ಬೀಳು: ಇದು ಸರದಿಯ ಮೂಲ ಕ್ರಮ. ಪಟ್ಟಿಗಳು ಮೂರೂ ಹೊಲಗಳಲ್ಲಿ ಚದುರಿದ್ದರಿಂದ ಯಾವ ರೈತನೂ ತನ್ನ ಜಮೀನಿನ ನಡುವೆ ಮನೆ ಕಟ್ಟಲಾಗಲಿಲ್ಲ. ಊರ ಬೀದಿಯಲ್ಲೇ ಸಾಲುಗಟ್ಟಿ ನಿಂತ ಇಟ್ಟಿಗೆಯ ತೋಟದ ಮನೆಗಳಿಗೂ ಕಣಜಗಳಿಗೂ ಇದೇ ಕಾರಣ.

ಈ ಕ್ರಮದ ಜೀವಾಳವೆಂದರೆ ‘ಕೋರ್ಟ್ ಲೀಟ್’ ಎಂಬ ಒಡೆತನದ ನ್ಯಾಯಸಭೆ. ಪ್ರತಿವರ್ಷ ನವೆಂಬರ್ ಕೊನೆಯ ಹೊತ್ತಿಗೆ, ರೈತರಿಂದಲೇ ಆಯ್ದ ಜೂರಿಗಳು ಗೋಧಿ ಬಿತ್ತಿದ ಹೊಲವನ್ನು ಸುತ್ತಿ, ಪಟ್ಟಿಗಳ ಗಡಿಗೆ ಗೂಟ ಬಡಿದು, ದಾರಿಯನ್ನೋ ‘ಸೈಕ್’ ಎಂಬ ಸಾಮೂಹಿಕ ಹುಲ್ಲುಗಾವಲನ್ನೋ ಒತ್ತಿ ಉತ್ತವರನ್ನು ಗುರುತಿಸುತ್ತಾರೆ. ಸುಮಾರು ವಾರದ ನಂತರ ಊರಿನ ಡೋವ್‌ಕೋಟ್ ಇನ್ ಎಂಬ ಛತ್ರದಲ್ಲಿ ಸೇರುವ ಸಭೆ ಅವರಿಗೆ ದಂಡ ವಿಧಿಸುತ್ತದೆ. ದಂಡದ ಮೊತ್ತ ಅಲ್ಪವಾದರೂ ನೆರೆಯವರೆದುರು ತಪ್ಪು ದಾಖಲಾಗುವುದು ಅಲ್ಪವಲ್ಲ. 1977ರ ಶಾಸನವು ಇಂಥ ಹಳೆಯ ನ್ಯಾಯಸಭೆಗಳ ಅಧಿಕಾರವನ್ನು ಬಹುಮಟ್ಟಿಗೆ ಕೊನೆಗೊಳಿಸಿದಾಗಲೂ ಲ್ಯಾಕ್ಸ್ಟನ್ನಿನ ಸಭೆಯ ಅಧಿಕಾರ ಉಳಿಯಿತು.

ಹದಿನೆಂಟು, ಹತ್ತೊಂಬತ್ತನೆಯ ಶತಮಾನಗಳಲ್ಲಿ ಸಂಸತ್ತಿನ ಸಾವಿರಾರು ಶಾಸನಗಳು ದೇಶದ ತೆರೆದ ಹೊಲಗಳಿಗೆ ಬೇಲಿ ಹಾಕಿಸಿದವು. ಲ್ಯಾಕ್ಸ್ಟನ್ ಇದರಿಂದ ಪೂರ್ತಿ ಪಾರಾಗಲಿಲ್ಲ. ಅಂಚಿನ ಭೂಮಿ ಬೇಲಿಯೊಳಗಾಯಿತು, ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಪಟ್ಟಿಗಳನ್ನು ಕೂಡಿಸಿ ಅವುಗಳ ಸಂಖ್ಯೆಯನ್ನು ಇಳಿಸಲಾಯಿತು. ಆದ್ದರಿಂದ ಇದನ್ನು ಬದಲಾಗದ ಮಧ್ಯಯುಗದ ಅವಶೇಷವೆಂದು ಬಣ್ಣಿಸುವುದು ಸರಿಯಲ್ಲ. ಕಾಲಕಾಲಕ್ಕೆ ಒಡೆಯರೂ ರೈತರೂ ಕೈಗೊಂಡ ತೀರ್ಮಾನಗಳೇ ಇದನ್ನು ಉಳಿಸಿವೆ. 1938ರಲ್ಲಿ ಆರ್ವಿನ್ ದಂಪತಿಯ ಅಧ್ಯಯನಗ್ರಂಥ ಊರನ್ನು ವಿದ್ವತ್ ಲೋಕದ ಗಮನಕ್ಕೆ ತಂದಿತು. ಮ್ಯಾನ್ವರ್ಸ್ ಅರ್ಲ್ ಮನೆತನ 1952ರಲ್ಲಿ ಭೂಮಿಯನ್ನು ಕೃಷಿ ಸಚಿವಾಲಯಕ್ಕೆ ಮಾರಿತು. 1981ರಲ್ಲಿ ಅದು ಕ್ರೌನ್ ಎಸ್ಟೇಟಿನ ಕೈಸೇರಿತು. 2020ರಲ್ಲಿ ಅದೇ ಮ್ಯಾನ್ವರ್ಸ್ ಪರಂಪರೆಯ ಥೋರ್ಸ್‌ಬಿ ಎಸ್ಟೇಟಿಗೆ ಮರಳಿತು. ಒಡೆತನ ಹೀಗೆ ಕೈ ಬದಲಾಯಿಸಿದರೂ ಜೂರಿಗಳ ಹೊಲದ ಸುತ್ತು ನಿಂತಿಲ್ಲ.